ಮಂಗಳ ಗ್ರಹಕ್ಕೂ ಒಂದು ಪಂಚಾಂಗ

ಧನು, ಮಕರ, ಕುಂಭ, ಮೀನ... ಸಂಕ್ರಾಂತಿ ಎಂದು ಬಂತೆಂದು ನೋಡಲು ಪಂಚಾಂಗ ತೆರೆದವರಿಗೆಲ್ಲ ಈ ಹೆಸರುಗಳು ಗೊತ್ತು. ಮನುಷ್ಯ ಇನ್ನೂ ಕಾಲಿಡದ ಮಂಗಳ ಗ್ರಹದ ತಿಂಗಳುಗಳಿಗೂ ಇವೇ ಹೆಸರುಗಳನ್ನು ಇಡಲಾಗಿದೆ ಎಂದರೆ ಆಶ್ಚರ್ಯವಾಗಬಹುದು. ಅಲ್ಲಿ ಬಿತ್ತುವವರಿಲ್ಲ, ಹಬ್ಬ ಮಾಡುವವರಿಲ್ಲ, ಸಂಬಳದ ದಿನಕ್ಕೆ ಕಾಯುವವರೂ ಇಲ್ಲ. ಆದರೂ ಆ ಗ್ರಹದ ಕಾಲವನ್ನು ಅಳೆಯುವ ಕೆಲಸ ನೂರು ವರ್ಷಗಳಿಗೂ ಹಿಂದೆಯೇ ಶುರುವಾಗಿತ್ತು.

ಅದಕ್ಕೆ ಮೊದಲು ಕೈಹಾಕಿದವರಲ್ಲಿ ಕಾದಂಬರಿಕಾರರಿದ್ದರು. ಇಟಲಿಯ ಖಗೋಳಜ್ಞ ಶಿಯಾಪರೆಲ್ಲಿ 1877ರಲ್ಲಿ ದೂರದರ್ಶಕದ ಮೂಲಕ ಮಂಗಳನ ಮೇಲೆ ಗೆರೆಗಳನ್ನು ಕಂಡು ‘ಕನಾಲಿ’ ಎಂದು ಕರೆದ. ಆ ಮಾತು ಇಂಗ್ಲಿಷಿಗೆ ಹೋಗುವಾಗ ‘ತೋಡಿದ ಕಾಲುವೆ’ ಎಂಬ ಅರ್ಥ ಪಡೆಯಿತು. ಅಮೆರಿಕದ ಪರ್ಸಿವಲ್ ಲೊವೆಲ್ ಅರಿಜೋನಾದಲ್ಲಿ 1894ರಲ್ಲಿ ವೀಕ್ಷಣಾಲಯವನ್ನೇ ಕಟ್ಟಿಸಿ, ಒಣಗುತ್ತಿರುವ ಗ್ರಹದ ಜನ ಧ್ರುವದ ನೀರನ್ನು ತರಲು ತೋಡಿದ ಕಾಲುವೆಗಳಿವು ಎಂದು ವಾದಿಸಿದ. ಕಾಲುವೆ ತೋಡುವಷ್ಟು ಬುದ್ಧಿವಂತರಿದ್ದ ಮೇಲೆ ಅವರಿಗೊಂದು ಹೊತ್ತುಗೊತ್ತು ಇರಲೇಬೇಕಲ್ಲ!

ಅದನ್ನು ಒದಗಿಸಿದವನು ‘ಟಾರ್ಜನ್’ ಖ್ಯಾತಿಯ ಎಡ್ಗರ್ ರೈಸ್ ಬರೋಸ್. 1912ರಲ್ಲಿ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದ ಅವನ ಕಥೆಯಲ್ಲಿ ಮಂಗಳವಾಸಿಗಳು ತಮ್ಮ ಲೋಕವನ್ನು ‘ಬಾರ್ಸೂಮ್’ ಎನ್ನುತ್ತಾರೆ. ಮುಂದಿನ ವರ್ಷದ ಕಥೆಯಲ್ಲಿ ಅವರ ಕಾಲಮಾನದ ಕೋಷ್ಟಕವೇ ಇದೆ. ದಿನಕ್ಕೆ 10 ಝೋಡ್, ಝೋಡಿಗೆ 50 ಝಾಟ್, ಝಾಟಿಗೆ 200 ಟಾಲ್. ನಮ್ಮ ಹಿರಿಯರು ದಿನವನ್ನು 60 ಘಳಿಗೆ, ಘಳಿಗೆಯನ್ನು 60 ವಿಘಳಿಗೆ ಮಾಡಿದಂತೆಯೇ. ಲೆಕ್ಕ ಹಾಕಿದರೆ ಒಂದು ಟಾಲ್ ನಮ್ಮ ಸೆಕೆಂಡಿಗಿಂತ ತುಸು ಕಡಿಮೆ. ಮಂಗಳನ ದಿನ 24 ಗಂಟೆ 37 ನಿಮಿಷ ಎಂದು ಬರೋಸ್ ಬರೆದದ್ದೂ ಸುಳ್ಳಲ್ಲ. ಆದರೆ ಅದು ನಕ್ಷತ್ರವನ್ನು ಗುರುತಾಗಿಟ್ಟುಕೊಂಡ ಲೆಕ್ಕ. ಸೂರ್ಯ ನೆತ್ತಿಗೆ ಬಂದು ಮತ್ತೆ ನೆತ್ತಿಗೆ ಬರಲು 24 ಗಂಟೆ 39 ನಿಮಿಷ 35 ಸೆಕೆಂಡು ಬೇಕು.

1965ರ ಜುಲೈನಲ್ಲಿ ‘ಮ್ಯಾರಿನರ್-4’ ನೌಕೆ ಕಳಿಸಿದ ಚಿತ್ರಗಳಲ್ಲಿ ಕಂಡದ್ದು ಬರಿಯ ಕುಳಿಗಳು. ಕಾಲುವೆಯ ಕಥೆ ಮುಗಿಯಿತು, ಮಂಗಳವಾಸಿಗಳೂ ಹೋದರು. ವಿಚಿತ್ರವೆಂದರೆ, ಜನ ಇಲ್ಲವೆಂದು ಗೊತ್ತಾದ ಮೇಲೆಯೇ ಕ್ಯಾಲೆಂಡರಿನ ಅಗತ್ಯ ನಿಜವಾಗಿ ಎದುರಾದದ್ದು. 1976ರಲ್ಲಿ ಎರಡು ವೈಕಿಂಗ್ ನೌಕೆಗಳು ಅಲ್ಲಿಳಿದಾಗ ಅವುಗಳಿಗೆ ಭೂಮಿಯ ದಿನ ಕೆಲಸಕ್ಕೆ ಬರಲಿಲ್ಲ. ಮಂಗಳನ ದಿನವನ್ನು ‘ಸೋಲ್’ ಎಂದು ಕರೆದು ಎಣಿಸಬೇಕಾಯಿತು.

ದಿನವೇನೋ ಆಯಿತು. ಸೂರ್ಯನ ಸುತ್ತ ಒಂದು ಸುತ್ತಿಗೆ ಸುಮಾರು 668.6 ಸೋಲ್, ಅಂದರೆ ನಮ್ಮ 687 ದಿನ. ವರ್ಷವೂ ಆಯಿತು. ತೊಡಕು ಇರುವುದು ತಿಂಗಳಲ್ಲಿ. ಕನ್ನಡದಲ್ಲಿ ‘ತಿಂಗಳು’ ಎಂದರೆ ಚಂದ್ರನೂ ಹೌದು, ಮಾಸವೂ ಹೌದು. ಮಂಗಳನಿಗೆ ಎರಡು ಚಂದ್ರರಿದ್ದರೂ ಒಂದೂ ಪ್ರಯೋಜನಕ್ಕಿಲ್ಲ. ಫೋಬೋಸ್ ಏಳೂವರೆ ಗಂಟೆ ಚಿಲ್ಲರೆಯಲ್ಲಿ ಒಂದು ಸುತ್ತು ಮುಗಿಸಿ, ಪಶ್ಚಿಮದಲ್ಲಿ ಹುಟ್ಟಿ ಪೂರ್ವದಲ್ಲಿ ಮುಳುಗುತ್ತದೆ. ಡೈಮೋಸಿನ ಸುತ್ತು ಸುಮಾರು 30 ಗಂಟೆ. ಇಂಥ ಚಂದ್ರರನ್ನು ನಂಬಿ ಹುಣ್ಣಿಮೆ, ಅಮಾವಾಸ್ಯೆ ಎಣಿಸುವುದು ಹೇಗೆ?

ಅಮೆರಿಕದ ಎಂಜಿನಿಯರ್ ಥಾಮಸ್ ಗ್ಯಾಂಗೇಲ್ 1985ರಲ್ಲಿ ರೂಪಿಸಿದ ‘ಡೇರಿಯನ್’ ಕ್ಯಾಲೆಂಡರ್ ಈ ತೊಡಕನ್ನು ಜಾಣತನದಿಂದ ದಾಟುತ್ತದೆ. ವರ್ಷಕ್ಕೆ 24 ತಿಂಗಳು, ಒಂದೊಂದಕ್ಕೆ 28 ಅಥವಾ 27 ಸೋಲ್. ಹತ್ತು ವರ್ಷಗಳಲ್ಲಿ ಆರು ವರ್ಷಗಳಿಗೆ ಒಂದು ಸೋಲ್ ಹೆಚ್ಚು. ಇಷ್ಟೊಂದು ತಿಂಗಳಿಗೆ ಹೆಸರು ಎಲ್ಲಿಂದ ತರುವುದು? ಹನ್ನೆರಡು ರಾಶಿಗಳ ಲ್ಯಾಟಿನ್ ಹೆಸರುಗಳನ್ನೂ ಸಂಸ್ಕೃತ ಹೆಸರುಗಳನ್ನೂ ಅವರು ಒಂದಾದ ಮೇಲೊಂದರಂತೆ ಪೋಣಿಸಿದರು. ಸ್ಯಾಜಿಟೇರಿಯಸ್ ಆದ ಮೇಲೆ ಧನುಸ್, ಕ್ಯಾಪ್ರಿಕಾರ್ನಸ್ ಆದ ಮೇಲೆ ಮಕರ, ಹೀಗೆ. ನಮ್ಮ ವೃಶ್ಚಿಕ ಮಾತ್ರ ಅಲ್ಲಿ ‘ವೃಷಿಕ’ವಾಗಿದೆ, ಅಷ್ಟು ದೂರ ಪ್ರಯಾಣ ಮಾಡಿದ ಹೆಸರು ಒಂದಕ್ಷರ ಕಳೆದುಕೊಂಡರೆ ಕ್ಷಮಿಸಬಹುದು.

ಇದು ಸೊಗಸಾದ ಕ್ಯಾಲೆಂಡರ್. ಆದರೆ ಮಂಗಳನ ಕೆಲಸವನ್ನು ನಿಜವಾಗಿ ಮಾಡುವವರು ಇದನ್ನು ಬಳಕೆಗೆ ತರಲಿಲ್ಲ. 2004ರ ಜನವರಿಯಲ್ಲಿ ‘ಸ್ಪಿರಿಟ್’ ಮತ್ತು ‘ಆಪರ್ಚುನಿಟಿ’ ಗಾಡಿಗಳು ಅಲ್ಲಿಳಿದಾಗ ಕ್ಯಾಲಿಫೋರ್ನಿಯಾದ ನಿಯಂತ್ರಣ ಕೇಂದ್ರದವರು ತಿಂಗಳುಗಟ್ಟಲೆ ಮಂಗಳನ ಹೊತ್ತಿಗೇ ಬದುಕಿದರು. ಡ್ಯೂಟಿ ದಿನಕ್ಕೆ ಸುಮಾರು 40 ನಿಮಿಷ ತಡವಾಗುತ್ತಾ ಹೋಗಿ, ಎರಡೂವರೆ ವಾರದಲ್ಲಿ ಬೆಳಗಿನ ಪಾಳಿ ರಾತ್ರಿಗೆ ಬಂದು ನಿಲ್ಲುತ್ತಿತ್ತು. ಹಗಲಿನ ಬೆಳಕು ಕಾಣದಂತೆ ಕಿಟಕಿಗಳಿಗೆ ದಪ್ಪ ಪರದೆ ಹಾಕಿದರು. ಹತ್ತಿರದ ಗಡಿಯಾರ ರಿಪೇರಿಯವರೊಬ್ಬರು ನಿಧಾನವಾಗಿ ನಡೆಯುವ ಕೈಗಡಿಯಾರಗಳನ್ನು ಮಾಡಿಕೊಟ್ಟರು. ‘ಇವತ್ತು’, ‘ನಾಳೆ’ ಎಂದರೆ ಯಾವ ಗ್ರಹದ್ದೆಂಬ ಗೊಂದಲವಾಗಿ ಮಂಗಳನ ನಿನ್ನೆ-ನಾಳೆಗೆ ಬೇರೆ ಮಾತುಗಳನ್ನೇ ಹುಟ್ಟಿಸಿಕೊಂಡರು. ಇಷ್ಟೆಲ್ಲ ಮಾಡಿದವರಿಗೂ ತಿಂಗಳ ಹೆಸರು ಬೇಕಾಗಲಿಲ್ಲ. ಇಳಿದ ಮೇಲೆ ಇದು ಎಷ್ಟನೇ ಸೋಲ್ ಎಂದು ತಿಳಿದರೆ ಸಾಕಿತ್ತು.

ಹವಾಮಾನ ಅಧ್ಯಯನ ಮಾಡುವವರಿಗೆ ಅಷ್ಟು ಸಾಲದು. ಅವರಿಗೆ ಋತು ಬೇಕು. ಮಂಗಳನ ಕಕ್ಷೆ ಉದ್ದುದ್ದವಾಗಿರುವುದರಿಂದ ಉತ್ತರಾರ್ಧದಲ್ಲಿ ವಸಂತ ಸುಮಾರು 194 ಸೋಲ್ ಇದ್ದರೆ ಶರತ್ಕಾಲ 142 ಮಾತ್ರ. ಸರಿಸಮ ತಿಂಗಳುಗಳಿಗೆ ಇದು ಹೊಂದುವುದಿಲ್ಲ. ಆದ್ದರಿಂದ ಅವರು ಸೂರ್ಯನ ಹಾದಿಯನ್ನೇ 360 ಡಿಗ್ರಿಯಾಗಿ ಅಳೆಯುತ್ತಾರೆ. 30 ಡಿಗ್ರಿಗೆ ಒಂದು ತಿಂಗಳು ಎಂದು ಹಿಡಿದರೆ ಅದು 46 ಸೋಲಿನಿಂದ 67 ಸೋಲಿನವರೆಗೆ ಹಿಗ್ಗಿ ಕುಗ್ಗುತ್ತದೆ. ತುಳುನಾಡಿನ ಹಿರಿಯರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಸಂಕ್ರಾಂತಿಯಿಂದ ಸಂಕ್ರಾಂತಿಗೆ ಎಣಿಸುವ ಸೌರಮಾನದ ಸೂತ್ರವೂ ಇದೇ; ಅಲ್ಲಿ ತಿಂಗಳು 29 ದಿನವೂ ಆಗುತ್ತದೆ, 32 ದಿನವೂ ಆಗುತ್ತದೆ. ರಾಶಿಯ ಹೆಸರನ್ನು ಗ್ಯಾಂಗೇಲ್ ತೆಗೆದುಕೊಂಡರು. ರಾಶಿಯ ಲೆಕ್ಕಕ್ಕೆ ಹೋಲುವ ಲೆಕ್ಕ ಬಳಕೆಯಲ್ಲಿ ಉಳಿಯಿತು.

ಇನ್ನು ಶಕ. ಗ್ಯಾಂಗೇಲ್ ತಮ್ಮ ವರ್ಷಗಳನ್ನು ದೂರದರ್ಶಕದ ಕಾಲ ಆರಂಭವಾದ 1609ರಿಂದ ಎಣಿಸಿದರೆ, ವಿಜ್ಞಾನಿಗಳು 2000ದಲ್ಲಿ ಪ್ರಕಟವಾದ ಪ್ರಬಂಧವೊಂದನ್ನು ಅನುಸರಿಸಿ 1955ರ ಏಪ್ರಿಲ್ 11ರಿಂದ ಎಣಿಸುತ್ತಾರೆ. ಆ ಮೊದಲ ವರ್ಷದಲ್ಲಿ, 1956ರಲ್ಲಿ, ಮಂಗಳನ ಮೇಲೆ ದೊಡ್ಡ ಧೂಳಿನ ಬಿರುಗಾಳಿ ಎದ್ದಿತ್ತು. ಈ ಲೆಕ್ಕದಲ್ಲಿ 38ನೇ ವರ್ಷದ ಯುಗಾದಿ ಬಂದದ್ದು 2024ರ ನವೆಂಬರ್ 12ರಂದು.