ಹಾಡು ಉಳೀತು, ಹಾಡಿದವರ ಹೆಸರು?

ಇವತ್ತಿನ ಕಥೆ ನಿಮ್ಮ ಫೋನಲ್ಲೇ ಇರೋ ಆಡಿಯೋ ಫೈಲುಗಳದ್ದು.

ನಮ್ಮೂರು ಕಂಪ್ಲಿ ತಾಲೂಕಿನ ಮೆಟ್ರಿ. ನನ್ನ ಸೋದರಮಾವ ಅಜ್ಜಿಯ ಬೀಸೋಕಲ್ಲಿನ ಪದಗಳನ್ನ ಕ್ಯಾಸೆಟ್‌ಗೆ ತುಂಬಿಸಿಟ್ಟಿದ್ದ. ನಾನು ಎಲ್ಲಾ ಎಂಪಿ3 ಮಾಡಿ, ಕ್ಯಾಸೆಟ್‌ಗಳನ್ನ ಗುಜರಿಗೆ ಹಾಕಿದೆ. ಡಬ್ಬಿಯೊಳಗಿನ ಚೀಟಿಯಲ್ಲಿ ಮಾವ ಬರೆದಿದ್ದ ಹೆಸರು, ತಾರೀಖು ಕೂಡ ಅದರ ಜೊತೆಗೇ ಹೋದವು. ಒಂದು ಫೈಲಿನಲ್ಲಿ ಅಜ್ಜಿಯ ಜೊತೆ ಇನ್ನೊಬ್ಬಾಕಿ ಹಾಡ್ತಾಳೆ. ಯಾರಾಕೆ? ಮಾವ ಈಗಿಲ್ಲ, ಅವ್ವಗೂ ಗೊತ್ತಿಲ್ಲ. ಫೈಲಿನ ಹೆಸರು ನೋಡಿದ್ರೆ ಬರೀ ‘ರೆಕಾರ್ಡಿಂಗ್ 7’.

ಫಿಲಿಪ್ಸ್ ಕಂಪನಿ ಈ ಕ್ಯಾಸೆಟ್ಟನ್ನು ಹೊರತಂದದ್ದು 1963ರಲ್ಲಿ. ಮೈಕು ದನಿಯನ್ನು ವಿದ್ಯುತ್ತಾಗಿಸುತ್ತೆ. ಆ ವಿದ್ಯುತ್ತಿನ ಏರಿಳಿತವನ್ನು ಟೇಪು ಕಾಂತದ ಗುರುತಾಗಿ ಹಿಡಿದಿಟ್ಟುಕೊಳ್ಳುತ್ತೆ. ಅದನ್ನ ಎಂಪಿ3 ಮಾಡಿದಾಗ ಕಿವಿಗೆ ಅಷ್ಟಾಗಿ ತಿಳಿಯದ ಭಾಗಗಳು ಬಿಟ್ಟುಹೋಗ್ತವೆ. ವೇವ್ ಫೈಲು ಹಾಗೆ ಬಿಡಲ್ಲ. ಮೂಲಪ್ರತಿಗೆ ಅದೇ ವಾಸಿ. ಆದ್ರೆ ಹಾಡಿದ್ದು ಯಾರು ಅಂತ ನಾವು ಬರೆದಿಡದಿದ್ರೆ ಎರಡೂ ಹೇಳಲ್ಲ.

ಇದು ಹಳೇ ತೊಂದರೆ. 1902ರಲ್ಲಿ ಕಲ್ಕತ್ತಾದಲ್ಲಿ ಗೌಹರ್ ಜಾನ್ ಗ್ರಾಮಫೋನಿಗೆ ಹಾಡಿದ್ರು. ಹಾಡು ಮುಗಿದಾಗ ಇಂಗ್ಲಿಷಿನಲ್ಲಿ ತಮ್ಮ ಹೆಸರು ಹೇಳ್ತಿದ್ರು. ತಟ್ಟೆ ತಯಾರಾಗ್ತಿದ್ದದ್ದು ದೂರದ ಜರ್ಮನಿಯಲ್ಲಿ; ಅಲ್ಲಿಯವರು ಚೀಟಿ ಅಂಟಿಸೋವಾಗ ಯಾರ ದನಿ ಅಂತ ತಿಳೀಬೇಕಲ್ಲ!

ನಮ್ಮ ಪಕ್ಕದ ಸಂಡೂರು ತಾಲೂಕಿನ ದರೋಜಿ ಈರಮ್ಮನವರನ್ನೇ ನೋಡಿ. ಓದು ಬರಹ ಬಾರದ ಈ ಬುರ್ರಕಥೆ ಕಲಾವಿದೆಗೆ 12 ಜನಪದ ಕಾವ್ಯಗಳು ಬಾಯಿಪಾಠ. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಅವರಿಗೆ ನಾಡೋಜ ಗೌರವ ಕೊಟ್ಟಿತು. 2014ರಲ್ಲಿ ಅವರು ತೀರಿಕೊಂಡರು. ಅವರ ಕಾವ್ಯ ಪುಸ್ತಕವಾಗಿದೆ, ಹೆಸರೂ ಉಳಿದಿದೆ, ಯಾಕಂದ್ರೆ ಕೇಳಿದವರು ಕೂತು ಬರೆದುಕೊಂಡರು. ನಮ್ಮಜ್ಜಿ ಜೊತೆ ಹಾಡಿದಾಕೆಗೆ ಆ ಭಾಗ್ಯ ಇತ್ತು, ಮಾವನ ಚೀಟಿಯಲ್ಲಿ. ಕಳೆದದ್ದು ನಾನು.

ಈಗ ಯಾರ ದನಿ ರೆಕಾರ್ಡ್ ಮಾಡಿದ್ರೂ ಮೊದಲು ಊರು, ತಾರೀಖು, ಹಾಡೋರ ಹೆಸರು ಅವರ ಬಾಯಲ್ಲೇ ಹೇಳಿಸ್ತೀನಿ. ಫೈಲಿಗೂ ಅದೇ ಹೆಸರು ಕೊಟ್ಟು, ಒಂದು ಪ್ರತಿ ಬೇರೆ ಮನೆಯಲ್ಲಿಡ್ತೀನಿ. ‘ರೆಕಾರ್ಡಿಂಗ್ 7’ ಹಿಡ್ಕೊಂಡು ಊರಿನ ಹಿರಿಯರ ಮನೆಮನೆಗೂ ಹೋಗ್ತಿದೀನಿ. ನೀವೂ ಇವತ್ತು ಅಜ್ಜಿಯ ಒಂದು ಫೈಲು ತೆಗೀರಿ, ಆಕೆ ಎದುರಿಗಿರುವಾಗಲೇ ಕೇಳಿ ಹೆಸರು ಬರೀರಿ.