ಚೋಮನ ಆಚೆಗೆ: ಪೋಷಕ ನಟ ಎಂ. ವಿ. ವಾಸುದೇವ ರಾವ್

ಎಂ. ವಿ. ವಾಸುದೇವ ರಾವ್ (1921–2002) ಎಂದರೆ ‘ಚೋಮನ ದುಡಿ’ ಎಂಬಲ್ಲಿಗೆ ನಮ್ಮ ಚಿತ್ರವಿಮರ್ಶೆ ನಿಂತುಬಿಡುತ್ತದೆ. 1975ರ ಆ ಚಿತ್ರಕ್ಕೆ ಸ್ವರ್ಣಕಮಲ ಬಂತು, ಚೋಮನಾದ ರಾಯರಿಗೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಬಂತು. ಆಗ ಅವರಿಗೆ ಐವತ್ತು ದಾಟಿತ್ತು. ಹಿಂದೆ ವೃತ್ತಿ ರಂಗಭೂಮಿಯ ದೀರ್ಘ ಅನುಭವ, ಮುಂದೆ ಸಣ್ಣ ಪಾತ್ರಗಳ ಉದ್ದ ಸಾಲು. ಚೋಮನನ್ನು ಪವಾಡವೆಂಬಂತೆ ಬೇರೆಯಾಗಿ ಎತ್ತಿಟ್ಟರೆ ಈ ಎರಡೂ ಮರೆಯಾಗುತ್ತವೆ. ಆ ಪಾತ್ರವನ್ನು ಗೆಲ್ಲಿಸಿದ್ದೇ ಪೋಷಕ ನಟನ ಕಸುಬು ಎಂಬುದು ನನ್ನ ವಾದ.

ರಾಯರು ಮೂಡುಬಿದಿರೆಯವರು. ಚಿತ್ರಕ್ಕೆ ಮೂಲವಾದ ಕಾದಂಬರಿ ಬರೆದ ಶಿವರಾಮ ಕಾರಂತರ ಕರ್ಮಭೂಮಿ ಪುತ್ತೂರು, ನಿರ್ದೇಶಕ ಬಿ. ವಿ. ಕಾರಂತರು ಬಂಟ್ವಾಳದ ಮಂಚಿಯವರು, ಹುಡುಗನಾಗಿದ್ದಾಗಲೇ ಗುಬ್ಬಿ ಕಂಪನಿ ಸೇರಿದವರು. ಕಂಪನಿ ನಾಟಕದಲ್ಲಿ ಪಳಗಿದ ಮೈಯಿಂದ ಏನು ತೆಗೆಯಬಹುದೆಂದು ಅವರಿಗೆ ಚೆನ್ನಾಗಿ ಗೊತ್ತಿತ್ತು.

ಚೋಮ ಕಥಾನಾಯಕ, ಆದರೆ ಕಥೆಯ ಯಾವ ತಿರುವೂ ಅವನ ಕೈಯಲ್ಲಿಲ್ಲ. ಬೇಸಾಯದ ಆಸೆಗೆ ಧಣಿ ಸಂಕಪ್ಪಯ್ಯನ ಮನೆಯಲ್ಲಿ ತಡೆ. ತೋಟದ ಸಾಲ ತೀರದು. ಒಬ್ಬ ಮಗ ಜ್ವರಕ್ಕೆ ಬಲಿ, ಒಬ್ಬ ಮತಾಂತರವಾಗಿ ದೂರ, ಇನ್ನೊಬ್ಬ ಮುಳುಗುವಾಗ ಮೇಲ್ಜಾತಿಯವರಾರೂ ಮುಟ್ಟಲೊಲ್ಲರು. ಹೀಗೆ ಬಂದದ್ದನ್ನೆಲ್ಲ ಉಣ್ಣುವ ಪಾತ್ರಕ್ಕೆ ಮಾತು ಹೆಚ್ಚು ಒದಗದು. ಇನ್ನೊಬ್ಬರ ನಡೆಗೆ ಬೆನ್ನು, ಕತ್ತು, ಕಣ್ಣುಗಳಲ್ಲೇ ಉತ್ತರ ಕೊಡಬೇಕು. ಪೋಷಕ ನಟ ಇಡೀ ಬದುಕು ಮಾಡುವ ಕೆಲಸವೇ ಇದು. ಉಳಿದದ್ದನ್ನು ಅವನು ಬಾರಿಸುವ ದುಡಿ ಹೇಳುತ್ತದೆ.

ಯುದ್ಧೋತ್ತರ ಜಪಾನಿನ ನಟ ತಕಾಶಿ ಶಿಮುರಾ ಇಲ್ಲಿ ನೆನಪಾಗುವುದು ಸಹಜ. ಕುರೋಸಾವಾ ಅವರ ‘ರಾಶೊಮೋನ್’ (1950) ಚಿತ್ರದ ಸೌದೆಗಾರ ಅವರೇ. ‘ಇಕಿರು’ (1952) ಚಿತ್ರದಲ್ಲಿ ಸಾವಿನಂಚಿನ ಅಧಿಕಾರಿಯಾಗಿ ನಾಯಕನಾದರು. ಮುಂದೆ ‘ಯೊಜಿಂಬೊ’ (1961) ಹೊತ್ತಿಗೆ ಮತ್ತೆ ಚಿಕ್ಕ ಪಾತ್ರ. ಆದರೆ ಶಿಮುರಾ ಅವರ ಬೆನ್ನಿಗೆ ತೋಹೊ ಸ್ಟುಡಿಯೋ ಇತ್ತು, ದಶಕಗಳ ಕಾಲ ಮತ್ತೆ ಮತ್ತೆ ಕರೆಯುವ ಒಬ್ಬ ನಿರ್ದೇಶಕರಿದ್ದರು. ರಾಯರ ನಿರ್ದೇಶಕರು 1977ರಲ್ಲಿ ರಾಷ್ಟ್ರೀಯ ನಾಟಕ ಶಾಲೆಯ ಹೊಣೆ ಹೊತ್ತು ದೆಹಲಿಗೆ ಹೋದರು. ಚೋಮನ ತೂಕದ ಇನ್ನೊಂದು ಪಾತ್ರವನ್ನು ಕನ್ನಡ ಚಿತ್ರರಂಗ ರಾಯರಿಗೆ ಕೊಡಲಿಲ್ಲವೆಂಬುದು ನನ್ನನ್ನು ಇಂದಿಗೂ ನೋಯಿಸುತ್ತದೆ.

ಕೊಟ್ಟವರು ಮೃಣಾಲ್ ಸೇನ್. ಪ್ರೇಮಚಂದರ ‘ಕಫನ್’ ಆಧರಿಸಿದ ತೆಲುಗು ಚಿತ್ರ ‘ಒಕ ಊರಿ ಕಥ’ (1977)ದಲ್ಲಿ ರಾಯರು ವೆಂಕಯ್ಯ. ದುಡಿದರೆ ತುಂಬುವುದು ಧಣಿಯ ಹೊಟ್ಟೆಯೇ ಎಂದು ದುಡಿಯಲು ಒಲ್ಲದ ಮುದುಕ. ಉಳಲು ಹಂಬಲಿಸಿ ಸತ್ತ ಚೋಮನಿಗೆ ಇಷ್ಟು ನೇರವಾದ ಎದುರಾಳಿ ಇನ್ನೊಬ್ಬನಿಲ್ಲ. ಎರಡು ವರ್ಷಗಳ ಅಂತರದಲ್ಲಿ ಎರಡನ್ನೂ ಒಂದೇ ದೇಹ ಹೊತ್ತಿತು. ಈ ಎರಡು ಚಿತ್ರಗಳನ್ನು ಜೊತೆಗಿಟ್ಟು ಓದದೆ ರಾಯರ ಅಭಿನಯದ ಬಗ್ಗೆ ಏನು ಹೇಳಿದರೂ ಅರ್ಧವೇ.

ಸಣ್ಣ ಪಾತ್ರಗಳಲ್ಲೂ ಇದೇ ಕಸುಬು ಕಾಣುತ್ತದೆ. ಮಣಿರತ್ನಂ ಅವರ ‘ನಾಯಗನ್’ (1987) ಚಿತ್ರದಲ್ಲಿ ರಾಯರು ಹುಸೇನ್ ಭಾಯ್: ಧಾರಾವಿಯಲ್ಲಿ ಅನಾಥ ವೇಲುವನ್ನು ಸಾಕಿ, ಪೊಲೀಸ್ ಲಾಕಪ್ಪಿನಲ್ಲಿ ಸಾಯುವ ಕಳ್ಳಸಾಗಣೆದಾರ. ವೇಲು ಇನ್ಸ್‌ಪೆಕ್ಟರನನ್ನು ಕೊಲ್ಲುವುದು ಈ ಸಾವಿನ ಸೇಡಿಗೆ. ಪ್ರೇಕ್ಷಕ ಆ ಕೊಲೆಯನ್ನು ಒಪ್ಪಬೇಕಾದರೆ ಮೊದಲು ಮುದುಕನ ಮೇಲೆ ಪ್ರೀತಿ ಹುಟ್ಟಿರಬೇಕು. ಕೆಲವೇ ದೃಶ್ಯಗಳಲ್ಲಿ ಅದನ್ನು ಹುಟ್ಟಿಸುವ ಹೊಣೆ ಪೂರ್ತಿ ರಾಯರದು.