ಸಿನಿಮಾದ ಮರ ಬೆಳೆಸಿದ ಸೂತ್ರ ಯಾರದ್ದು?

ಎಂಜಿನಿಯರಿಂಗ್ ಓದುವಾಗ ಆಟೋಮ್ಯಾಟಾ ಥಿಯರಿ ಅಂದ್ರೆ ನನಗೆ ಉರು ಹೊಡೆದು ಪಾಸಾಗುವ ವಿಷಯ, ಅಷ್ಟೇ. ಅಕ್ಷರದ ಜಾಗಕ್ಕೆ ಅಕ್ಷರ ಹಾಕುವ ಆ ನಿಯಮಗಳಿಂದ ಸಿನಿಮಾದ ಕಾಡನ್ನೂ ಬೆಳೆಸಬಹುದು ಅಂತ ಯಾರೂ ಹೇಳಿರಲಿಲ್ಲ.

1968ರಲ್ಲಿ ಹಂಗೇರಿ ಮೂಲದ ಜೀವವಿಜ್ಞಾನಿ ಅರಿಸ್ಟಿಡ್ ಲಿಂಡನ್‌ಮಾಯರ್, ಪಾಚಿಯಂಥ ಸರಳ ಜೀವಿಗಳ ಬೆಳವಣಿಗೆ ವಿವರಿಸಲು ಒಂದು ವ್ಯಾಕರಣ ರೂಪಿಸಿದರು. ಅದೇ ಎಲ್-ಸಿಸ್ಟಮ್. ಪ್ರತಿ ಸುತ್ತಿನಲ್ಲೂ 'ಕ' ಇದ್ದಲ್ಲಿ 'ಕಚ' ಬರೆಯಿರಿ, 'ಚ' ಇದ್ದಲ್ಲಿ 'ಕ' ಬರೆಯಿರಿ. ಕ, ಕಚ, ಕಚಕ, ಕಚಕಕಚ... ಸಾಲು ತಾನಾಗಿ ಬೆಳೆಯುತ್ತದೆ. 'ಇಲ್ಲಿ ಕವಲೊಡೆ', 'ಇಲ್ಲಿಂದ ವಾಪಸ್ ಬಾ' ಅನ್ನೋ ಎರಡು ಗುರುತು ಸೇರಿಸಿದರೆ ಕೊಂಬೆಗಳು ಸಿದ್ಧ. 1984ರಲ್ಲಿ ಆಲ್ವಿ ರೇ ಸ್ಮಿತ್ ಇದನ್ನು ಕಂಪ್ಯೂಟರ್ ಗ್ರಾಫಿಕ್ಸ್‌ಗೆ ತಂದರು.

ಅದೇ ವರ್ಷ, ಮುಂದೆ ಪಿಕ್ಸರ್ ಆದ ಲ್ಯೂಕಾಸ್‌ಫಿಲ್ಮ್ ಕಂಪ್ಯೂಟರ್ ತಂಡ 'ಆಂದ್ರೆ ಅಂಡ್ ವಾಲಿ ಬಿ.' ಕಿರುಚಿತ್ರ ಮಾಡಿತು. ಅದರ ಕಾಡಿಗೆ ವಿಲಿಯಂ ರೀವ್ಸ್ ಹಿಡಿದದ್ದು ಬೇರೆ ದಾರಿ: ಸಣ್ಣ ಸಣ್ಣ ಕಣಗಳಿಂದಲೇ ಮರ ಕಟ್ಟಿದರು. 1995ರಲ್ಲಿ ಜೇಸನ್ ವೆಬರ್, ಜೋಸೆಫ್ ಪೆನ್ ಮೂರನೇ ದಾರಿ ತೋರಿಸಿದರು. ಮರ ಹೇಗೆ ಬೆಳೆಯಿತು ಅನ್ನೋದು ಬಿಡಿ, ಹೇಗೆ ಕಾಣುತ್ತೆ ಅನ್ನೋದನ್ನು ಅಳೆಯಿರಿ: ಕೊಂಬೆಯ ಕೋನ, ಉದ್ದ, ತುದಿಗೆ ಹೋದಂತೆ ಎಷ್ಟು ಸಣ್ಣಗಾಗಬೇಕು, ಎಲ್ಲವೂ ಅಂಕಿಗಳಲ್ಲಿ.

ಈ ಮೂರೂ ವಿಧಾನಗಳು ಪ್ರಬಂಧವಾಗಿ ಪ್ರಕಟವಾದವು. ಎಕ್ಸ್‌ಫ್ರಾಗ್, ಒನಿಕ್ಸ್‌ಟ್ರೀ, ಸ್ಪೀಡ್‌ಟ್ರೀಯಂಥ ಮಾರಾಟದ ತಂತ್ರಾಂಶಗಳೂ ಬಂದವು. 2009ರ 'ಅವತಾರ್'ನಲ್ಲಿ ಬಳಕೆಯಾದ ಸ್ಪೀಡ್‌ಟ್ರೀಗೆ 2015ರಲ್ಲಿ ಆಸ್ಕರ್ ಅಕಾಡೆಮಿಯ ತಾಂತ್ರಿಕ ಪ್ರಶಸ್ತಿ ಸಿಕ್ಕಿತು. 2021ರಲ್ಲಿ ಯೂನಿಟಿ ಕಂಪನಿ ಅದನ್ನು ಕೊಂಡುಕೊಂಡಿತು. ಕೆಲಸ ಸಲೀಸಾಯ್ತು, ನಿಜ. ಆದರೆ ಕೀಲಿಕೈ ಮಾಲೀಕರ ಹತ್ತಿರ.

ನನ್ನ ಗೆಳೆಯನೊಬ್ಬ ಹಳೇ ಪ್ರಾಜೆಕ್ಟಿನ ಮರದ ಫೈಲ್ ತೆರೆಯಲು ಹೋದ. ಲೈಸೆನ್ಸ್ ಮುಗಿದಿತ್ತು, ಆ ಆವೃತ್ತಿ ಮಾರಾಟದಲ್ಲೇ ಇರಲಿಲ್ಲ. ಹೊರತೆಗೆದಿಟ್ಟಿದ್ದ ಮೆಶ್ ಮಾತ್ರ ಉಳಿದಿತ್ತು. ಮರ ಕಾಣುತ್ತಿತ್ತು, ಆದರೆ ಒಂದು ಕೊಂಬೆಯ ಕೋನ ಬದಲಿಸಲೂ ಆಗಲಿಲ್ಲ. ತಾನೇ ಮಾಡಿದ ಮರ!

ಇತ್ತ ವೆಬರ್-ಪೆನ್ ಪ್ರಬಂಧವನ್ನೇ ಆಧರಿಸಿ ಬರೆದ 'ಸ್ಯಾಪ್ಲಿಂಗ್' ಆಡ್-ಆನ್ ಬ್ಲೆಂಡರ್‌ನಲ್ಲಿ ಉಚಿತವಾಗಿ ಸಿಗುತ್ತದೆ. ಅದರ ಕೋಡನ್ನು ಯಾರು ಬೇಕಾದರೂ ಓದಬಹುದು, ತಿದ್ದಬಹುದು. ತಂತ್ರಾಂಶ ಕೊಳ್ಳಬೇಡಿ ಅಂತ ನಾನು ಹೇಳ್ತಿಲ್ಲ. ಕೊಳ್ಳುವ ಮುಂಚೆ ಒಂದು ಪ್ರಶ್ನೆ ಕೇಳಿ: ಈ ಕಂಪನಿ ನಾಳೆ ಬಾಗಿಲು ಹಾಕಿದರೆ, ನನ್ನ ಮರ ಮತ್ತೆ ಚಿಗುರುತ್ತಾ?